ಮೆದುಳು, ಮನಸ್ಸು, ನಡವಳಿಕೆ: ಪುಸ್ತಕ ಓದುವವರು ಪದೇ ಪದೇ ಕೇಳುವ ಪ್ರಶ್ನೆಗಳು

ಮೆದುಳು ಮತ್ತು ಮನಸ್ಸಿನ ಬಗ್ಗೆ ಸಾಮಾನ್ಯ ಓದುಗರಿಗಾಗಿ ಬರೆದ ಪುಸ್ತಕಗಳನ್ನು ಬಹಳ ವರ್ಷಗಳಿಂದ ಓದುತ್ತ, ಬೇರೆಯವರಿಗೂ ಓದಿಸುತ್ತ ಬಂದಿದ್ದೇನೆ. ಮಾತುಕತೆಯಲ್ಲಿ, ಪತ್ರಗಳಲ್ಲಿ ಮತ್ತೆ ಮತ್ತೆ ಎದುರಾಗುವ ಪ್ರಶ್ನೆಗಳನ್ನು ಕೇಳಿದವರ ಮಾತಿನಲ್ಲೇ ಇಲ್ಲಿ ಕೊಟ್ಟಿದ್ದೇನೆ. ಹೊಸದಾಗಿ ಓದಲು ತೊಡಗಿದವರ ಪ್ರಶ್ನೆಗಳು ಮೊದಲು, ಸಾಕಷ್ಟು ಓದಿಕೊಂಡವರವು ಆಮೇಲೆ. ಪುಸ್ತಕವನ್ನು ಅಳೆಯಲು ನಾನು ಬಳಸುವ ಅಳತೆಗೋಲು ಒಂದೇ: ‘ಇದು ಗೊತ್ತಾದದ್ದು ಹೇಗೆ’ ಎಂಬುದನ್ನು ಲೇಖಕರು ನಮಗೆ ತೋರಿಸಿಕೊಡುತ್ತಾರೆಯೇ?

## ಮೊದಲ ಸಲ ಕೈಗೆತ್ತಿಕೊಳ್ಳುವವರಿಗೆ

ನಾನು ವಿಜ್ಞಾನ ಓದಿದವಳಲ್ಲ. ಇಂಥ ಪುಸ್ತಕಗಳು ನನಗೆ ಅರ್ಥವಾಗ್ತವಾ?

ಆಗುತ್ತವೆ. ಮೆದುಳಿನ ಭಾಗಗಳ ಹೆಸರು ಬಾಯಿಪಾಠವಾಗಿರಬೇಕು ಎಂಬ ಅಂಜಿಕೆ ಬಿಡಿ. ಹಿಪೊಕ್ಯಾಂಪಸ್, ಅಮಿಗ್ಡಾಲಾ ಮುಂತಾದ ಹೆಸರುಗಳು ಹತ್ತಾರು ಕಡೆ ಬಂದು ಹೋಗುವಷ್ಟರಲ್ಲಿ ತಾವಾಗಿಯೇ ಪರಿಚಯವಾಗುತ್ತವೆ. ಹೆಸರು ಬಂದ ಕಡೆಯಲ್ಲೆಲ್ಲ ನಿಂತು ಹುಡುಕತೊಡಗಿದರೆ ಮೂರನೇ ಅಧ್ಯಾಯಕ್ಕೇ ದಣಿವಾಗುತ್ತದೆ.

ಈ ವಿಷಯದಲ್ಲಿ ನಿಮಗೆ ಮೊದಲೇ ಒಂದು ಅನುಕೂಲವಿದೆ. ಭೌತವಿಜ್ಞಾನದ ಪುಸ್ತಕ ಕ್ವಾರ್ಕ್ ಬಗ್ಗೆ ಹೇಳಿದರೆ ನಾವು ನಂಬಿ ಮುಂದೆ ಹೋಗಬೇಕಷ್ಟೆ. ಮರೆವು, ಸಿಟ್ಟು, ನಿದ್ದೆ, ಚಟ, ಭಯ ಇವನ್ನೆಲ್ಲ ನೀವೇ ಒಳಗಿನಿಂದ ಕಂಡಿದ್ದೀರಿ. ಪುಟಪುಟಕ್ಕೂ ‘ನನಗೂ ಹೀಗೇ ಆಗುತ್ತದೆಯೇ’ ಎಂದು ಕೇಳಿಕೊಳ್ಳಬಹುದು. ನಿಮ್ಮ ಅನುಭವ ಸಾಕ್ಷ್ಯದ ಜಾಗದಲ್ಲಿ ಕೂರಲಾರದು, ಆದರೆ ಓದನ್ನು ಎಚ್ಚರವಾಗಿಡಲು ಅದು ಸಾಕು.

ಒಂದೇ ಒಂದು ಪುಸ್ತಕ ಹೇಳಿ ಅಂದ್ರೆ ಯಾವುದನ್ನ ಹೇಳ್ತೀರಿ?

ವಿ. ಎಸ್. ರಾಮಚಂದ್ರನ್ ಅವರು ಸಾಂಡ್ರಾ ಬ್ಲೇಕ್ಸ್‌ಲೀ ಜೊತೆ ಸೇರಿ ಬರೆದ, 1998ರಲ್ಲಿ ಬಂದ ‘ಫ್ಯಾಂಟಮ್ಸ್ ಇನ್ ದ ಬ್ರೈನ್’. ಕೈ ಕತ್ತರಿಸಿಹೋದ ಮೇಲೂ ಆ ಕೈ ಇನ್ನೂ ಇದೆ, ನೋಯುತ್ತಿದೆ ಎನ್ನುವವರ ಕಥೆ ಅದರ ಆರಂಭದಲ್ಲಿದೆ. ರಾಮಚಂದ್ರನ್ ಅಂಥ ಒಬ್ಬರ ಕಣ್ಣು ಕಟ್ಟಿ ಕೆನ್ನೆಯನ್ನು ಹತ್ತಿಯ ಕಡ್ಡಿಯಿಂದ ಮುಟ್ಟುತ್ತಾರೆ. ಮುಟ್ಟಿದ್ದು ಕೆನ್ನೆಯಲ್ಲೂ ಗೊತ್ತಾಗುತ್ತದೆ, ಇಲ್ಲದ ಕೈಯ ಬೆರಳಿನಲ್ಲೂ ಗೊತ್ತಾಗುತ್ತದೆ. ಮೆದುಳಿನ ಮೇಲ್ಪದರದಲ್ಲಿ ಇಡೀ ಮೈಯ ನಕ್ಷೆಯೊಂದಿದೆ, ಅದರಲ್ಲಿ ಮುಖದ ಜಾಗ ಕೈಯ ಜಾಗಕ್ಕೆ ಹೊಂದಿಕೊಂಡಿದೆ. ಕೈಯಿಂದ ಸುದ್ದಿ ಬರುವುದು ನಿಂತಾಗ ಪಕ್ಕದ ಮುಖದ ಸುದ್ದಿ ಆ ಖಾಲಿ ಜಾಗಕ್ಕೂ ಹರಡಿಕೊಂಡಿತು ಎಂಬುದು ಅವರ ವಿವರಣೆ.

ಹತ್ತಿಯ ಕಡ್ಡಿ, ಒಂದು ಕನ್ನಡಿ, ಒಂದು ರಟ್ಟಿನ ಪೆಟ್ಟಿಗೆ. ಇಷ್ಟೇ ಸಲಕರಣೆಯಿಂದ ಎಂಥ ಪ್ರಶ್ನೆ ಕೇಳಬಹುದೆಂದು ಈ ಪುಸ್ತಕ ಕಣ್ಣೆದುರು ತೋರಿಸುತ್ತದೆ. ಮೊದಲ ಓದಿಗೆ ಅದನ್ನೇ ಹೇಳುವುದು ಆ ಕಾರಣಕ್ಕೆ. ಒಂದು ಮಾತು ಮಾತ್ರ ನೆನಪಿರಲಿ: ಇರುವ ಕೈಯ ಪ್ರತಿಬಿಂಬವನ್ನು ಇಲ್ಲದ ಕೈಯ ಜಾಗದಲ್ಲಿ ತೋರಿಸುವ ಕನ್ನಡಿ ಪೆಟ್ಟಿಗೆಯಿಂದ ನೋವು ಕಡಿಮೆಯಾಗುತ್ತದೆಯೇ ಎಂದು ಆಮೇಲೆ ನಡೆದ ಅಧ್ಯಯನಗಳ ಫಲಿತಾಂಶ ಒಂದೇ ತೆರನಾಗಿಲ್ಲ. ಕೊನೆಯ ಅಧ್ಯಾಯಗಳಲ್ಲಿ ಲೇಖಕರ ಊಹೆಗಳೂ ಹೆಚ್ಚು. ಊಹೆ ಮಾಡುವ ಕಡೆ ಊಹೆ ಎಂದೇ ಹೇಳುವ ಪ್ರಾಮಾಣಿಕತೆ ಅವರಿಗಿದೆ.

ಮೆದುಳು, ಮನಸ್ಸು, ನಡವಳಿಕೆ ಅಂತ ಮೂರು ಥರದ ಪುಸ್ತಕ ಕಾಣ್ತವೆ. ಬೇರೆ ಬೇರೆನಾ, ಒಂದೇನಾ?

ವಿಷಯ ಒಂದೇ, ನೋಡುವ ದೂರ ಬೇರೆ. ನರವಿಜ್ಞಾನಿ ಬರೆದರೆ ನರಕೋಶ, ರಾಸಾಯನಿಕ, ಸ್ಕ್ಯಾನ್ ಬರುತ್ತವೆ. ಮನೋವಿಜ್ಞಾನಿ ಬರೆದರೆ ಪ್ರಯೋಗಶಾಲೆಗೆ ಬಂದ ಜನರು ಏನು ಆರಿಸಿದರು, ಎಷ್ಟು ಹೊತ್ತು ತೆಗೆದುಕೊಂಡರು, ಏನನ್ನು ಮರೆತರು ಎಂಬುದು ಬರುತ್ತದೆ. ವೈದ್ಯರು ಬರೆದರೆ ರೋಗಿಗಳ ಕಥೆ. ಪ್ರತಿಯೊಂದರ ಸಾಕ್ಷ್ಯದ ಬಗೆ ಬೇರೆಯಾದ್ದರಿಂದ ಅವು ತಪ್ಪುವ ಬಗೆಯೂ ಬೇರೆ.

ಈ ಎಲ್ಲ ದೂರಗಳನ್ನೂ ಒಂದೇ ಪುಸ್ತಕದಲ್ಲಿ ಜೋಡಿಸಲು ಹೊರಟವರು ರಾಬರ್ಟ್ ಸಾಪೋಲ್ಸ್ಕಿ. 2017ರ ‘ಬಿಹೇವ್’ ಪುಸ್ತಕದಲ್ಲಿ ಮನುಷ್ಯನ ಒಂದು ಕೃತ್ಯವನ್ನು ಎದುರಿಗಿಟ್ಟುಕೊಂಡು ಅದಕ್ಕೆ ಒಂದು ಕ್ಷಣ ಮೊದಲು ಮೆದುಳಿನಲ್ಲಿ ಏನಾಯಿತು, ಗಂಟೆಗಳ ಮೊದಲು ಹಾರ್ಮೋನುಗಳು ಏನು ಮಾಡಿದವು, ಬಾಲ್ಯದಲ್ಲಿ ಏನಾಗಿತ್ತು, ಲಕ್ಷಾಂತರ ವರ್ಷಗಳ ವಿಕಾಸ ಏನನ್ನು ಬಿಟ್ಟುಹೋಗಿತ್ತು ಎಂದು ಹಿಂದಕ್ಕೆ ಹಿಂದಕ್ಕೆ ಹೋಗುತ್ತಾರೆ. ದಪ್ಪ ಪುಸ್ತಕ. ನರಕೋಶ, ಹಾರ್ಮೋನು, ಪ್ರೋಟೀನುಗಳ ಮೊದಲ ಪಾಠ ಅದರ ಕೊನೆಯ ಅನುಬಂಧಗಳಲ್ಲಿದೆ. ಅವನ್ನು ಮೊದಲು ಓದಿಕೊಂಡು ಒಂದನೇ ಅಧ್ಯಾಯಕ್ಕೆ ಬನ್ನಿ.

ಸೆಲ್ಫ್ ಹೆಲ್ಪ್ ಪುಸ್ತಕಕ್ಕೂ ಇದಕ್ಕೂ ಏನು ವ್ಯತ್ಯಾಸ? ಎರಡರಲ್ಲೂ ‘ಮೆದುಳು’ ಅಂತಾನೇ ಇರುತ್ತೆ.

ಪುಸ್ತಕದ ಯಾವುದಾದರೂ ಒಂದು ಪುಟ ತೆರೆದು ನೋಡಿ. ‘ಹೀಗೆ ಮಾಡಿ’ ಎಂಬುದು ಮೊದಲು ಬಂದು, ಅದಕ್ಕೆ ಆಸರೆಯಾಗಿ ಮಾತ್ರ ಅಲ್ಲೊಂದು ಇಲ್ಲೊಂದು ಅಧ್ಯಯನ ಬರುತ್ತಿದ್ದರೆ ಅದು ಸಲಹೆಯ ಪುಸ್ತಕ. ಸಲಹೆ ಒಳ್ಳೆಯದಿರಬಹುದು. ಆದರೆ ಡೋಪಮೀನ್ ಎಂಬ ಮೆದುಳಿನ ರಾಸಾಯನಿಕದ ಹೆಸರನ್ನು ತೆಗೆದು ಓದಿದಾಗಲೂ ಆ ಸಲಹೆ ಹಾಗೆಯೇ ಉಳಿಯುವುದಾದರೆ, ಅಲ್ಲಿ ಮೆದುಳು ಬಂದಿರುವುದು ಅಲಂಕಾರಕ್ಕೆ.

ನಾವು ಮೆದುಳಿನ ಹತ್ತು ಪರ್ಸೆಂಟ್ ಮಾತ್ರ ಬಳಸ್ತೀವಿ ಅಂತ ಪುಸ್ತಕದಲ್ಲೇ ಓದಿದೀನಿ. ಸುಳ್ಳಾ?

ಸುಳ್ಳು. ಮೆದುಳಿನ ತೂಕ ಸುಮಾರು 1.4 ಕಿಲೋ, ದೇಹದ ತೂಕದ ಶೇ. 2ರಷ್ಟು. ವಿಶ್ರಾಂತಿಯಲ್ಲಿರುವಾಗಲೂ ದೇಹ ಖರ್ಚು ಮಾಡುವ ಶಕ್ತಿಯ ಶೇ. 20ರಷ್ಟನ್ನು ಅದೇ ನುಂಗುತ್ತದೆ. ಇಷ್ಟು ದುಬಾರಿ ಅಂಗದ ಬಹುಪಾಲು ಸುಮ್ಮನೆ ಬಿದ್ದಿದ್ದರೆ ವಿಕಾಸದಲ್ಲಿ ಅದು ಉಳಿಯುತ್ತಿರಲಿಲ್ಲ. ಪಾರ್ಶ್ವವಾಯು ಯಾವ ಭಾಗಕ್ಕೆ ತಗುಲಿದರೂ ಸಾಮಾನ್ಯವಾಗಿ ಏನಾದರೊಂದು ಕೆಡುತ್ತದೆ. ‘ಇಲ್ಲಿ ಪೆಟ್ಟಾದರೆ ಪರವಾಗಿಲ್ಲ’ ಎನ್ನುವಂಥ ಶೇ. 90ರ ಭಾಗವನ್ನು ಯಾವ ವೈದ್ಯರೂ ಕಂಡಿಲ್ಲ.

ಇದೇ ಜಾತಿಯ ಇನ್ನೆರಡು ಮಾತುಗಳಿವೆ. ಎಡ ಮೆದುಳಿನವರು ಲೆಕ್ಕಾಚಾರದವರು, ಬಲ ಮೆದುಳಿನವರು ಕಲಾವಿದರು ಎಂಬುದು ಒಂದು. ಎರಡು ಅರ್ಧಗಳ ನಡುವಿನ ಸೇತುವೆ ಕತ್ತರಿಸಿದ ರೋಗಿಗಳ ಮೇಲೆ ರೋಜರ್ ಸ್ಪೆರಿ ನಡೆಸಿದ ಕೆಲಸ ಅಪ್ಪಟವಾದದ್ದು, ಅದಕ್ಕೆ 1981ರಲ್ಲಿ ನೊಬೆಲ್ ಬಂತು. ಭಾಷೆಯ ಕೆಲಸ ಹೆಚ್ಚಿನವರಲ್ಲಿ ಎಡಕ್ಕೆ ವಾಲಿರುವುದೂ ನಿಜ. ಆದರೆ ಅಲ್ಲಿಂದ ಜನರನ್ನೇ ಎರಡು ಗುಂಪು ಮಾಡಿದ್ದಕ್ಕೆ ಆಧಾರವಿಲ್ಲ. 2013ರಲ್ಲಿ ಸಾವಿರಕ್ಕೂ ಹೆಚ್ಚು ಜನರ ಸ್ಕ್ಯಾನ್ ನೋಡಿದಾಗ ಹಾಗೆ ಇಡೀ ಮೆದುಳೇ ಒಂದು ಕಡೆಗೆ ವಾಲಿದವರು ಸಿಗಲಿಲ್ಲ.

ಇನ್ನೊಂದು, ನಮ್ಮೊಳಗೆ ಹಲ್ಲಿಯ ಮೆದುಳು, ಅದರ ಮೇಲೆ ಸಸ್ತನಿಯ ಮೆದುಳು, ಅದರ ಮೇಲೆ ಮನುಷ್ಯನ ಮೆದುಳು ಪದರಪದರವಾಗಿ ಕೂತಿವೆ ಎಂಬ ಚಿತ್ರ. ಇದು ಪಾಲ್ ಮೆಕ್‌ಲೀನ್ ಅವರದು. ಕಾರ್ಲ್ ಸೇಗನ್ 1977ರ ‘ದ ಡ್ರ್ಯಾಗನ್ಸ್ ಆಫ್ ಈಡನ್’ ಪುಸ್ತಕದಲ್ಲಿ ಅದನ್ನು ಮನೆಮಾತು ಮಾಡಿದರು. ವಿಕಾಸ ಹಳೆಯದರ ಮೇಲೆ ಹೊಸ ಪದರ ಹೊದಿಸುತ್ತ ಹೋಗಲಿಲ್ಲ, ಎಲ್ಲ ಭಾಗಗಳನ್ನೂ ಒಟ್ಟಿಗೇ ತಿದ್ದುತ್ತ ಬಂತು ಎಂಬುದು ಈಗಿನ ತಿಳಿವಳಿಕೆ. ಲೀಸಾ ಫೆಲ್ಡ್‌ಮನ್ ಬ್ಯಾರೆಟ್ ಅವರ 2020ರ ‘ಸೆವೆನ್ ಆಂಡ್ ಎ ಹಾಫ್ ಲೆಸನ್ಸ್ ಅಬೌಟ್ ದ ಬ್ರೈನ್’ ಇದನ್ನು ಕೆಲವೇ ಪುಟಗಳಲ್ಲಿ ತಿಳಿಯಾಗಿ ಹೇಳುತ್ತದೆ. ತೀರ ಚಿಕ್ಕ ಪುಸ್ತಕ ಬೇಕೆನ್ನುವವರಿಗೆ ಅದನ್ನೇ ಕೊಡುತ್ತೇನೆ.

ಪುಸ್ತಕ ಹೊಸ ತಿಳಿವಳಿಕೆಯದೋ ಹಳೇದೋ ಅಂತ ಬೇಗ ಗೊತ್ತುಮಾಡಿಕೊಳ್ಳೋದು ಹೇಗೆ?

ನರಕೋಶಗಳ ಲೆಕ್ಕ ನೋಡಿ. ಮೊದಲೆಲ್ಲ ‘10,000 ಕೋಟಿ’ ಎಂದು ದುಂಡಗೆ ಬರೆಯುವುದು ರೂಢಿಯಾಗಿತ್ತು. ಸುಜಾನಾ ಹರ್ಕ್ಯುಲಾನೊ-ಹೌಜೆಲ್ ಮತ್ತು ಸಂಗಡಿಗರು ಎಣಿಸಿ 2009ರಲ್ಲಿ ಕೊಟ್ಟ ಲೆಕ್ಕ ಸುಮಾರು 8,600 ಕೋಟಿ. ನರಕೋಶಗಳಿಗೆ ಆಸರೆಯಾಗುವ ಗ್ಲಿಯಾ ಕೋಶಗಳು ಅವುಗಳ ಹತ್ತು ಪಟ್ಟಿವೆ ಎಂಬ ಮಾತನ್ನೂ ಅದೇ ಕೆಲಸ ಅಲ್ಲಗಳೆಯಿತು, ಎರಡೂ ಹೆಚ್ಚುಕಡಿಮೆ ಸಮಸಮ. 2009ರ ನಂತರದ ಪುಸ್ತಕವೊಂದು ಹತ್ತು ಪಟ್ಟಿನ ಮಾತನ್ನೇ ಹೇಳುತ್ತಿದ್ದರೆ ಲೇಖಕರು ಬೇರೆ ಪುಸ್ತಕಗಳಿಂದ ಎತ್ತಿ ಬರೆದಿದ್ದಾರೆಂದು ಅನುಮಾನ ಪಡಬಹುದು.

## ಕೆಲವು ಪುಸ್ತಕ ಓದಿಯಾದ ಮೇಲೆ

ಒಬ್ಬ ರೋಗಿಯ ಕಥೆ ಹೇಳಿ ಎಲ್ಲರ ಮೆದುಳಿನ ಬಗ್ಗೆ ತೀರ್ಮಾನ ಮಾಡ್ತಾರಲ್ಲ, ಅದು ಸರಿನಾ?

ಈ ಪ್ರಶ್ನೆ ಕೇಳಿದವರು ಚೆನ್ನಾಗಿ ಓದುತ್ತಿದ್ದಾರೆಂದೇ ಅರ್ಥ. ಈ ಶಾಸ್ತ್ರದ ಬಹುಭಾಗ ನಿಂತಿರುವುದು ಒಬ್ಬೊಬ್ಬ ರೋಗಿಯ ಮೇಲೆ.

1861ರಲ್ಲಿ ಪ್ಯಾರಿಸ್ಸಿನಲ್ಲಿ ಪಾಲ್ ಬ್ರೋಕಾ ನೋಡಿದ ಲೆಬೋರ್ನ್ ಎಂಬ ರೋಗಿಗೆ ಬೇರೆಯವರ ಮಾತು ತಿಳಿಯುತ್ತಿತ್ತು, ತಾನು ಹೇಳಲು ಬರುತ್ತಿದ್ದುದು ‘ತಾನ್’ ಎಂಬ ಒಂದೇ ಸದ್ದು. ಸತ್ತ ಮೇಲೆ ಮೆದುಳು ತೆರೆದು ನೋಡಿದಾಗ ಎಡ ಮುಂಭಾಗದಲ್ಲಿ ಹಾನಿಯಾಗಿತ್ತು. ಬ್ರೋಕಾ ಅಲ್ಲಿಗೇ ನಿಲ್ಲಲಿಲ್ಲ, ಅಂಥದೇ ಇನ್ನಷ್ಟು ರೋಗಿಗಳನ್ನು ನೋಡಿದರು. ಒಂದು ಕಥೆಗೆ ತೂಕ ಬರುವುದು ಹೀಗೆ, ಅದೇ ಸಂಗತಿ ಮತ್ತೆ ಬೇರೆಯವರಲ್ಲೂ ಕಂಡಾಗ.

ಹೆನ್ರಿ ಮೊಲೈಸನ್ ಅವರದು ಇನ್ನೂ ಬಲವಾದ ಉದಾಹರಣೆ. 1953ರಲ್ಲಿ, ಇಪ್ಪತ್ತೇಳನೇ ವಯಸ್ಸಿನಲ್ಲಿ, ಮೂರ್ಛೆರೋಗಕ್ಕೆಂದು ಅವರ ಮೆದುಳಿನ ಎರಡೂ ಬದಿಯ ಹಿಪೊಕ್ಯಾಂಪಸ್‌ನ ಬಹುಪಾಲನ್ನು ತೆಗೆದರು. ಆಮೇಲೆ ಅವರಿಗೆ ಹೊಸದೇನೂ ನೆನಪಿನಲ್ಲಿ ನಿಲ್ಲಲಿಲ್ಲ, ಆಗಷ್ಟೇ ಮಾತಾಡಿಸಿ ಹೋದವರು ಮತ್ತೆ ಬಂದರೆ ಹೊಸಬರು. ಆದರೆ ಬ್ರೆಂಡಾ ಮಿಲ್ನರ್ ಎಂಬ ಮನೋವಿಜ್ಞಾನಿ ಮೊಲೈಸನ್‌ಗೆ ಕನ್ನಡಿಯಲ್ಲಿ ನೋಡಿಕೊಂಡು ನಕ್ಷತ್ರದ ಆಕಾರ ತಿದ್ದುವ ಕೆಲಸ ಕೊಟ್ಟಾಗ ದಿನದಿಂದ ದಿನಕ್ಕೆ ಕೈ ಪಳಗುತ್ತ ಹೋಯಿತು. ಅದನ್ನು ಹಿಂದೆ ಮಾಡಿದ್ದೇ ಅವರಿಗೆ ನೆನಪಿರಲಿಲ್ಲ. ಕೈ ಕಲಿಯುವುದು ಬೇರೆ, ಮನಸ್ಸು ನೆನಪಿಡುವುದು ಬೇರೆ ಎಂದು ಒಬ್ಬ ಮನುಷ್ಯನಿಂದ ಗೊತ್ತಾಯಿತು. ‘ಎರಡೂ ಒಂದೇ’ ಎಂಬ ನಂಬಿಕೆಯನ್ನು ಮುರಿಯಲು ಒಂದು ಸ್ಪಷ್ಟ ಉದಾಹರಣೆ ಸಾಕು ಎಂಬುದನ್ನು ಗಮನಿಸಿ. ಅವರು 2008ರಲ್ಲಿ ತೀರಿಕೊಳ್ಳುವವರೆಗೂ ಶಾಸ್ತ್ರಕ್ಕೆ ಗೊತ್ತಿದ್ದುದು ‘ಎಚ್.ಎಂ.’ ಎಂಬ ಎರಡಕ್ಷರ ಮಾತ್ರ. ದಶಕಗಳ ಕಾಲ ಅವರ ಜೊತೆ ಕೆಲಸ ಮಾಡಿದ ಸೂಸನ್ ಕಾರ್ಕಿನ್ ಅವರ ‘ಪರ್ಮನೆಂಟ್ ಪ್ರೆಸೆಂಟ್ ಟೆನ್ಸ್’ (2013) ಓದಿ. ಸಂಶೋಧನೆಗೆ ಒಡ್ಡಿಕೊಂಡ ಮನುಷ್ಯನನ್ನು ಮನುಷ್ಯನಾಗಿಯೇ ನೋಡುವ ಪುಸ್ತಕ.

ಇನ್ನು ಫಿನಿಯಸ್ ಗೇಜ್. 1848ರ ಸೆಪ್ಟೆಂಬರ್ 13ರಂದು ಅಮೆರಿಕದ ವರ್ಮಾಂಟ್‌ನಲ್ಲಿ ರೈಲು ಹಾದಿಗೆ ಬಂಡೆ ಒಡೆಸುತ್ತಿದ್ದಾಗ ಒಂದು ಮೀಟರಿಗೂ ಉದ್ದದ, ಆರು ಕಿಲೋ ತೂಕದ ಕಬ್ಬಿಣದ ಸಲಾಕೆ ಕೆನ್ನೆಯಿಂದ ನುಗ್ಗಿ ನೆತ್ತಿಯಿಂದ ಹೊರಬಿತ್ತು. ಮನುಷ್ಯ ಬದುಕಿದ. ಆಮೇಲೆ ಅವನು ಸಿಡುಕನಾದ, ಪುಂಡನಾದ, ಕೆಲಸಕ್ಕೆ ಬಾರದವನಾದ ಎಂದು ಪುಸ್ತಕದಿಂದ ಪುಸ್ತಕಕ್ಕೆ ಬಣ್ಣ ಏರುತ್ತ ಹೋಯಿತು. ಮಾಲ್ಕಂ ಮ್ಯಾಕ್‌ಮಿಲನ್ ಎಂಬ ಮನೋವಿಜ್ಞಾನಿ ಮೂಲ ದಾಖಲೆಗಳನ್ನೇ ಕೆದಕಿ ನೋಡಿದಾಗ ಅಲ್ಲಿದ್ದುದು ಕೆಲವೇ ಸಾಲು. ಗೇಜ್ ಚಿಲಿ ದೇಶದಲ್ಲಿ ವರ್ಷಗಟ್ಟಲೆ ಕುದುರೆ ಬಂಡಿ ಓಡಿಸಿಕೊಂಡಿದ್ದ. ಹೊತ್ತಿಗೆ ಸರಿಯಾಗಿ ಹೊರಡಬೇಕಾದ, ಪ್ರಯಾಣಿಕರ ಜೊತೆ ಹೊಂದಿಕೊಳ್ಳಬೇಕಾದ ಕೆಲಸ ಅದು. ಯಾವ ಪುಸ್ತಕದಲ್ಲಾದರೂ ಗೇಜ್ ಬಂದಾಗ ನಾನು ಮೊದಲು ಚಿಲಿಯ ಪ್ರಸ್ತಾಪ ಇದೆಯೇ ಎಂದು ನೋಡುತ್ತೇನೆ.

ಆಲಿವರ್ ಸ್ಯಾಕ್ಸ್ ಕಥೆ ಹೇಳ್ತಾರೆ, ಆದ್ರೆ ಅದು ವಿಜ್ಞಾನನಾ ಸಾಹಿತ್ಯನಾ?

ವೈದ್ಯರ ಟಿಪ್ಪಣಿಯೂ ಹೌದು, ಸಾಹಿತ್ಯವೂ ಹೌದು. ರಷ್ಯಾದ ಅಲೆಕ್ಸಾಂಡರ್ ಲೂರಿಯಾ ಈ ದಾರಿ ತೆರೆದರು. ಏನನ್ನೂ ಮರೆಯಲಾಗದ ಮನುಷ್ಯನೊಬ್ಬನನ್ನು ಸುಮಾರು ಮೂವತ್ತು ವರ್ಷ ಗಮನಿಸಿ ಅವರು ಬರೆದ ಚಿಕ್ಕ ಪುಸ್ತಕ 1968ರಲ್ಲಿ ಬಂತು. ಸ್ಯಾಕ್ಸ್ ಈ ಲೂರಿಯಾ ಅವರನ್ನೇ ಗುರುವೆಂದು ಬಗೆದಿದ್ದರು. 1985ರ ‘ದ ಮ್ಯಾನ್ ಹೂ ಮಿಸ್ಟುಕ್ ಹಿಸ್ ವೈಫ್ ಫಾರ್ ಎ ಹ್ಯಾಟ್’ನಲ್ಲಿ ಕಣ್ಣು ಚೆನ್ನಾಗಿದ್ದೂ ಮುಖ ಗುರುತಿಸಲಾಗದ ಸಂಗೀತಗಾರನ ಬದುಕು ಹೇಗೆ ನಡೆಯುತ್ತಿತ್ತು, ಹಾಡಿನ ಎಳೆ ಹಿಡಿದು ಅವನು ಹೇಗೆ ಬಟ್ಟೆ ಹಾಕಿಕೊಳ್ಳುತ್ತಿದ್ದ, ಊಟ ಮಾಡುತ್ತಿದ್ದ ಎಂಬುದಿದೆ. ರೋಗ ಏನೆಂದು ಪಠ್ಯಪುಸ್ತಕ ಹೇಳಬಲ್ಲದು. ಆ ರೋಗ ಬಂದವರ ಒಂದು ದಿನ ಹೇಗಿರುತ್ತದೆ ಎಂದು ತಿಳಿಯಲು ಇಂಥ ಬರಹವೇ ಬೇಕು. ಪ್ರಮಾಣ ಬೇಕಾದಾಗ ಬೇರೆ ಕಡೆ ಹೋಗೋಣ.

‘ಥಿಂಕಿಂಗ್, ಫಾಸ್ಟ್ ಆಂಡ್ ಸ್ಲೋ’ ಅರ್ಧಕ್ಕೇ ನಿಲ್ಲಿಸಿಬಿಟ್ಟೆ. ಮತ್ತೆ ಹಿಡೀಲಾ?

ಹಿಡಿಯಿರಿ, ಆದರೆ ಸಾಲಾಗಿ ಓದಬೇಕಿಲ್ಲ. ಡೇನಿಯಲ್ ಕಾಹ್ನೆಮನ್ 2011ರಲ್ಲಿ ಬರೆದ ಈ ಪುಸ್ತಕದಲ್ಲಿ ಐದು ಭಾಗಗಳು, 38 ಅಧ್ಯಾಯಗಳಿವೆ. ಹೆಚ್ಚಿನವರು ನಿಲ್ಲುವುದು ನಡುವೆ ಅಂಕಿಸಂಖ್ಯೆ ದಟ್ಟವಾಗುವ ಕಡೆ. ಅಲ್ಲಿಂದ ನೇರ ಐದನೇ ಭಾಗಕ್ಕೆ ಹೋಗಿ. ಅನುಭವಿಸುವ ನಾನು ಮತ್ತು ನೆನಪಿಡುವ ನಾನು ಬೇರೆ ಬೇರೆ ಎಂದು ಅಲ್ಲಿ ವಾದಿಸುತ್ತಾರೆ. ದೊಡ್ಡ ಕರುಳಿನ ಪರೀಕ್ಷೆ ಮಾಡಿಸಿಕೊಂಡ ರೋಗಿಗಳಿಗೆ ಒಟ್ಟು ಎಷ್ಟು ಹೊತ್ತು ನೋವಾಯಿತು ಎಂಬುದು ನೆನಪಿನಲ್ಲಿ ಹೆಚ್ಚುಕಡಿಮೆ ಲೆಕ್ಕಕ್ಕೇ ಬರಲಿಲ್ಲ. ನೋವಿನ ತುತ್ತತುದಿ ಎಷ್ಟಿತ್ತು, ಕೊನೆ ಹೇಗಿತ್ತು ಎಂಬೆರಡೇ ಉಳಿದವು. ಪುಸ್ತಕದ ಅತ್ಯಂತ ಸುಂದರ ಭಾಗ ಅದೇ ಎಂದು ನನಗನ್ನಿಸಿದೆ. ಆಮೇಲೆ ನಾಲ್ಕನೇ ಭಾಗಕ್ಕೆ ಹಿಂದಿರುಗಿ. ಏಮೋಸ್ ಟ್ವರ್ಸ್ಕಿ ಜೊತೆ 1979ರಲ್ಲಿ ಮಾಡಿದ, 2002ರಲ್ಲಿ ಕಾಹ್ನೆಮನ್‌ಗೆ ಅರ್ಥಶಾಸ್ತ್ರದ ನೊಬೆಲ್ ತಂದ ಕೆಲಸ ಅಲ್ಲಿದೆ. ಟ್ವರ್ಸ್ಕಿ 1996ರಲ್ಲೇ ತೀರಿಕೊಂಡಿದ್ದರು.

ನಾಲ್ಕನೇ ಅಧ್ಯಾಯವನ್ನು ಮಾತ್ರ ಎಚ್ಚರದಿಂದ ಓದಿ. ಕಣ್ಣಿಗೆ ಬಿದ್ದ ಒಂದೆರಡು ಪದಗಳು ನಮಗೆ ತಿಳಿಯದಂತೆ ನಡವಳಿಕೆಯನ್ನೇ ಬದಲಿಸುತ್ತವೆ ಎಂಬ ಅಲ್ಲಿನ ಹಲವು ಪ್ರಯೋಗಗಳು ಆಮೇಲೆ ನಿಲ್ಲಲಿಲ್ಲ. ಕಡಿಮೆ ಜನರ ಮೇಲೆ ನಡೆದ ಅಧ್ಯಯನಗಳನ್ನು ತಾನು ಅತಿಯಾಗಿ ನಂಬಿದೆ ಎಂದು ಕಾಹ್ನೆಮನ್ 2017ರಲ್ಲಿ ಬಹಿರಂಗವಾಗಿಯೇ ಒಪ್ಪಿಕೊಂಡರು. ಅಷ್ಟು ದೊಡ್ಡವರು ಹಾಗೆ ಹೇಳಿದ್ದು ನನಗೆ ಅವರ ಮೇಲಿನ ಗೌರವವನ್ನು ಹೆಚ್ಚಿಸಿತು.

ಪ್ರಸಿದ್ಧ ಪ್ರಯೋಗಗಳೇ ಸುಳ್ಳಾದವು ಅಂತಾರೆ. ಹಾಗಾದ್ರೆ ಮನೋವಿಜ್ಞಾನದ ಹಳೇ ಪುಸ್ತಕಗಳನ್ನೆಲ್ಲ ಪಕ್ಕಕ್ಕಿಡಬೇಕಾ?

ಎಲ್ಲವನ್ನೂ ಬೇಡ. 2015ರಲ್ಲಿ ಸಂಶೋಧಕರ ದೊಡ್ಡ ಗುಂಪೊಂದು ಮನೋವಿಜ್ಞಾನದ ಮೂರು ಪ್ರಮುಖ ಪತ್ರಿಕೆಗಳಲ್ಲಿ ಬಂದಿದ್ದ 100 ಅಧ್ಯಯನಗಳನ್ನು ಮತ್ತೆ ನಡೆಸಿ ನೋಡಿತು. ಮೂಲದಲ್ಲಿ ಶೇ. 97ರಷ್ಟು ‘ಪರಿಣಾಮ ಕಂಡಿದೆ’ ಎಂದಿದ್ದವು. ಮರುಪ್ರಯೋಗದಲ್ಲಿ ಹಾಗೆ ಕಂಡದ್ದು ಶೇ. 36 ಮಾತ್ರ, ಒಟ್ಟಾರೆ ಪರಿಣಾಮದ ಗಾತ್ರವೂ ಸರಾಸರಿ ಅರ್ಧಕ್ಕಿಳಿದಿತ್ತು. ಇದಕ್ಕೆ ಮುಖ್ಯ ಕಾರಣ ಮೋಸವಲ್ಲ. ಪ್ರಯೋಗಕ್ಕೆ ಬಂದವರ ಸಂಖ್ಯೆ ಕಡಿಮೆ, ಲೆಕ್ಕ ಹಾಕುವ ದಾರಿಗಳು ಹಲವು, ಫಲಿತಾಂಶ ಚೆನ್ನಾಗಿ ಬಂದದ್ದನ್ನಷ್ಟೇ ಪ್ರಕಟಿಸುವ ರೂಢಿ. ಮೂರೂ ಸೇರಿದರೆ ಆಕಸ್ಮಿಕವೂ ಸತ್ಯದ ವೇಷದಲ್ಲಿ ಬರುತ್ತದೆ.

ಹೆಸರಾಂತ ಪ್ರಯೋಗಗಳ ಪಾಡು ಒಂದೊಂದರದು ಒಂದೊಂದು. ಮಿಠಾಯಿಯನ್ನು ಈಗಲೇ ತಿನ್ನದೆ ಕಾದ ಮಗು ಮುಂದೆ ಓದಿನಲ್ಲಿ ಮುಂದಿರುತ್ತದೆ ಎಂಬ ಮಾರ್ಷ್‌ಮೆಲೋ ಪ್ರಯೋಗವನ್ನು 2018ರಲ್ಲಿ ಸುಮಾರು 900 ಮಕ್ಕಳ ಮಾಹಿತಿಯಲ್ಲಿ ಪರೀಕ್ಷಿಸಿದರು. ಸಂಬಂಧ ಮೊದಲಿಗಿಂತ ಅರ್ಧದಷ್ಟೇ ಇತ್ತು, ಮನೆಯ ಪರಿಸ್ಥಿತಿಯನ್ನು ಲೆಕ್ಕಕ್ಕೆ ಹಿಡಿದಾಗ ಅದರಲ್ಲೂ ಬಹುಪಾಲು ಕರಗಿತು. ಛಲವಿಲ್ಲದ ಮಗು ಎಂದು ಹಣೆಪಟ್ಟಿ ಹಚ್ಚಲು ಈ ಪ್ರಯೋಗವನ್ನು ಬಳಸುವ ಪುಸ್ತಕಗಳ ಬಗ್ಗೆ ನನಗೆ ನಿಜವಾಗಿ ಸಿಟ್ಟಿದೆ. ಫಿಲಿಪ್ ಜಿಂಬಾರ್ಡೊ 1971ರಲ್ಲಿ ಸ್ಟ್ಯಾನ್‌ಫರ್ಡ್‌ನಲ್ಲಿ ನಡೆಸಿದ ಜೈಲಿನ ಪ್ರಯೋಗ ಎರಡು ವಾರಕ್ಕೆಂದು ಶುರುವಾಗಿ ಆರು ದಿನಕ್ಕೆ ನಿಂತಿತು. ಕಾವಲುಗಾರರು ತಾವಾಗಿಯೇ ಕ್ರೂರಿಗಳಾದರು ಎಂಬುದು ಅದರ ಕಥೆ. ಗಟ್ಟಿಯಾಗಿ ವರ್ತಿಸುವಂತೆ ಅವರಿಗೆ ಸೂಚನೆಯಿತ್ತೆಂದು ಹಳೆಯ ಧ್ವನಿಮುದ್ರಣಗಳಿಂದ ಆಮೇಲೆ ಹೊರಬಂತು. ಇಂದು ಅದನ್ನು ಸಾಕ್ಷ್ಯವೆಂದು ಮುಂದಿಡುವುದು ತಪ್ಪು. ಆದರೆ ಸ್ಟ್ಯಾನ್ಲಿ ಮಿಲ್ಗ್ರಾಮ್ 1963ರಲ್ಲಿ ಪ್ರಕಟಿಸಿದ, ಇನ್ನೊಬ್ಬರಿಗೆ ವಿದ್ಯುತ್ ಆಘಾತ ಕೊಡುತ್ತಿದ್ದೇವೆಂದು ನಂಬಿಯೂ ಹೇಳಿದಂತೆ ಕೇಳಿ 40 ಜನರಲ್ಲಿ 26 ಮಂದಿ 450 ವೋಲ್ಟ್‌ವರೆಗೂ ಗುಂಡಿ ಒತ್ತಿದ ಪ್ರಯೋಗದ ಅರ್ಥದ ಬಗ್ಗೆ ಜಗಳವಿದ್ದರೂ, 2009ರಲ್ಲಿ ಒಂದು ಹಂತದವರೆಗೆ ಮಾತ್ರ ಮತ್ತೆ ನಡೆಸಿದಾಗ ಹೆಚ್ಚುಕಡಿಮೆ ಅಷ್ಟೇ ಜನ ವಿಧೇಯರಾದರು.

ಗಟ್ಟಿಯಾಗಿ ನಿಂತವೂ ಬೇಕಾದಷ್ಟಿವೆ. ‘ಕೆಂಪು’ ಎಂಬ ಪದವನ್ನು ನೀಲಿ ಬಣ್ಣದಲ್ಲಿ ಬರೆದಾಗ ಬಣ್ಣದ ಹೆಸರು ಹೇಳಲು ತಡವರಿಸುವ ಸ್ಟ್ರೂಪ್ ಪರಿಣಾಮ 1935ರದು, ಇಂದಿಗೂ ಯಾರ ಮೇಲೆ ಮಾಡಿದರೂ ಕಾಣುತ್ತದೆ. ಹರ್ಮನ್ ಎಬ್ಬಿಂಗ್‌ಹೌಸ್ 1885ರಲ್ಲಿ ತನ್ನ ಮೇಲೆಯೇ ಪ್ರಯೋಗ ಮಾಡಿಕೊಂಡು ಬರೆದ ಮರೆವಿನ ರೇಖೆಯೂ ಹಾಗೆಯೇ ಉಳಿದಿದೆ. ನೋಡಿದ, ಕೇಳಿದ, ನೆನಪಿಟ್ಟ ಕೆಲಸಗಳ ಪ್ರಯೋಗಗಳು ಚೆನ್ನಾಗಿ ಬಾಳಿವೆ. ಸಣ್ಣ ತಂತ್ರವೊಂದರಿಂದ ಬದುಕೇ ಬದಲಾಯಿತು ಎನ್ನುವಂಥವು ಬೇಗ ಬಾಡಿವೆ.

‘ಮೆದುಳಿನ ಈ ಭಾಗ ಸ್ಕ್ಯಾನ್‌ನಲ್ಲಿ ಬೆಳಗಿತು’ ಅಂತ ಬರೀತಾರಲ್ಲ, ನಿಜವಾಗ್ಲೂ ಏನು ಕಾಣುತ್ತೆ?

ರಕ್ತ. ಎಫ್‌ಎಂಆರ್‌ಐ ಯಂತ್ರ ನರಕೋಶಗಳ ಮಿಡಿತವನ್ನು ನೇರವಾಗಿ ಅಳೆಯುವುದಿಲ್ಲ. ಕೆಲಸ ಹೆಚ್ಚಿದ ಜಾಗಕ್ಕೆ ಆಮ್ಲಜನಕವಿರುವ ರಕ್ತ ಹೆಚ್ಚು ಹರಿಯುತ್ತದೆ. ಸೆಯ್‌ಜಿ ಒಗಾವಾ 1990ರ ಹೊತ್ತಿಗೆ ತೋರಿಸಿಕೊಟ್ಟ ಈ ವ್ಯತ್ಯಾಸವನ್ನೇ ಯಂತ್ರ ಹಿಡಿಯುತ್ತದೆ. ನರಕೋಶದ ಕೆಲಸ ಸೆಕೆಂಡಿನ ಸಾವಿರದ ಭಾಗಗಳಲ್ಲಿ ಮುಗಿಯುತ್ತದೆ, ರಕ್ತದ ಏರಿಕೆ ತುದಿ ಮುಟ್ಟಲು ಐದಾರು ಸೆಕೆಂಡು ಬೇಕು. ಚಿತ್ರದ ಕೆಂಪು ಹಳದಿ ಬಣ್ಣಗಳನ್ನು ಆಮೇಲೆ ಕಂಪ್ಯೂಟರ್ ಹಚ್ಚುತ್ತದೆ. ಬಣ್ಣವಿಲ್ಲದ ಜಾಗ ಸುಮ್ಮನಿತ್ತು ಎಂದಲ್ಲ, ಎರಡು ಸ್ಥಿತಿಗಳ ನಡುವೆ ಅಲ್ಲಿ ಎದ್ದುಕಾಣುವ ವ್ಯತ್ಯಾಸ ಇರಲಿಲ್ಲ ಎಂದು.

ಒಂದು ಸ್ಕ್ಯಾನ್‌ನಲ್ಲಿ ಹತ್ತಾರು ಸಾವಿರ ಚುಕ್ಕೆಗಳನ್ನು ಹೋಲಿಸುವಾಗ ಕೆಲವು ಆಕಸ್ಮಿಕವಾಗಿಯೂ ‘ಬೆಳಗುತ್ತವೆ’. ಇದನ್ನು ತೋರಿಸಲೆಂದೇ ಕ್ರೇಗ್ ಬೆನೆಟ್ ಮತ್ತು ಸಂಗಡಿಗರು ಸತ್ತ ಸಾಲ್ಮನ್ ಮೀನೊಂದನ್ನು ಯಂತ್ರದಲ್ಲಿಟ್ಟು ಮನುಷ್ಯರ ಚಿತ್ರಗಳನ್ನು ತೋರಿಸಿದರು. ಸರಿಯಾದ ತಿದ್ದುಪಡಿ ಮಾಡದೆ ಲೆಕ್ಕ ಹಾಕಿದಾಗ ಮೀನಿನ ಮೆದುಳಿನಲ್ಲೂ ಚಟುವಟಿಕೆ ಕಂಡಿತು. ಅದು 2009ರ ಮಾತು, ಆಮೇಲೆ ಈ ಕ್ಷೇತ್ರ ಲೆಕ್ಕದ ವಿಷಯದಲ್ಲಿ ಹೆಚ್ಚು ಶಿಸ್ತು ತಂದುಕೊಂಡಿತು. ‘ಪ್ರೀತಿಯ ಕೇಂದ್ರ’, ‘ದೇವರ ಕೇಂದ್ರ’ ಎಂದೆಲ್ಲ ಬರೆಯುವ ಪುಸ್ತಕವನ್ನು ಅಲ್ಲಿಗೇ ಮುಚ್ಚಬಹುದು.

ಈ ವಯಸ್ಸಲ್ಲಿ ಮೆದುಳನ್ನ ಬದಲಾಯಿಸಿಕೊಳ್ಳಬಹುದು ಅನ್ನೋ ಪುಸ್ತಕಗಳನ್ನ ನಂಬಬಹುದಾ?

ಬದಲಾಗುತ್ತದೆ ಎಂಬುದು ನಿಜ. ಲಂಡನ್ನಿನ ಟ್ಯಾಕ್ಸಿ ಚಾಲಕರು ಸಾವಿರಾರು ಬೀದಿಗಳನ್ನು ತಲೆಯಲ್ಲಿಟ್ಟುಕೊಂಡು ಪರೀಕ್ಷೆ ಪಾಸಾಗಬೇಕು. ಅವರ ಹಿಪೊಕ್ಯಾಂಪಸ್‌ನ ಹಿಂಭಾಗ ದೊಡ್ಡದಿದೆ ಎಂದು 2000ದಲ್ಲಿ ಎಲಿನಾರ್ ಮಗ್ವಾಯರ್ ತೋರಿಸಿದರು. ದೊಡ್ಡದಿದ್ದವರೇ ಚಾಲಕರಾದರೋ ಎಂಬ ಅನುಮಾನ ಉಳಿದಿತ್ತು. 2011ರಲ್ಲಿ ತರಬೇತಿಯ ಮೊದಲೂ ಆಮೇಲೂ ಅಳೆದಾಗ, ಪರೀಕ್ಷೆ ಪಾಸಾದವರಲ್ಲಿ ಮಾತ್ರ ಅದು ಬೆಳೆದಿತ್ತು. ಇದಕ್ಕೆ ಬಿದ್ದ ಶ್ರಮ ವರ್ಷಗಳದು. ದಿನಕ್ಕೆ ಹತ್ತು ನಿಮಿಷದ ಆಟದಿಂದ ಬುದ್ಧಿ ಚುರುಕಾಗುತ್ತದೆ ಎಂಬುದು ಬೇರೆಯೇ ಮಾತು. 2010ರಲ್ಲಿ 11 ಸಾವಿರಕ್ಕೂ ಹೆಚ್ಚು ಜನರ ಮೇಲೆ ಅದನ್ನು ಪರೀಕ್ಷಿಸಿದಾಗ, ಆಡಿದ ಆಟದಲ್ಲಿ ಕೈ ಪಳಗಿತು, ಆಡದ ಕೆಲಸಕ್ಕೆ ಅದು ದಾಟಲಿಲ್ಲ.

ಕಾಯಿಲೆಗಳ ಬಗ್ಗೆ ಓದ್ತಾ ಓದ್ತಾ ಎಲ್ಲ ನನಗೇ ಇದೆ ಅನ್ನಿಸ್ತಿದೆ. ಏನ್ ಮಾಡ್ಲಿ?

ಲಕ್ಷಣಗಳ ಪಟ್ಟಿ ಓದಿದವರಿಗೆಲ್ಲ ಹೀಗಾಗುತ್ತದೆ. ದುಃಖ, ಚಂಚಲತೆ, ಅನುಮಾನ ಎಲ್ಲರಲ್ಲೂ ಇವೆ. ಎಷ್ಟು ತೀವ್ರ, ಎಷ್ಟು ದಿನದಿಂದ, ಬದುಕನ್ನು ಎಷ್ಟು ಕೆಡಿಸಿದೆ ಎಂಬುದರ ಮೇಲೆ ಅದು ಕಾಯಿಲೆಯೋ ಅಲ್ಲವೋ ಎಂದು ನಿರ್ಧಾರವಾಗುತ್ತದೆ. ನಿಮ್ಮ ನಿದ್ದೆ, ಊಟ, ಕೆಲಸ ನಿಜಕ್ಕೂ ಕೆಟ್ಟಿದ್ದರೆ, ಬದುಕೇ ಬೇಡವೆನ್ನಿಸುತ್ತಿದ್ದರೆ, ಪುಸ್ತಕ ಬದಿಗಿಟ್ಟು ವೈದ್ಯರನ್ನು ಕಾಣಿ. ಅದನ್ನು ಮುಂದೂಡಬೇಡಿ.

ಅರ್ಥಮಾಡಿಕೊಳ್ಳಲು ಓದುವುದಾದರೆ ಅನುಭವಿಸಿದವರೇ ಬರೆದದ್ದನ್ನು ಓದಿ. ಕೇ ರೆಡ್‌ಫೀಲ್ಡ್ ಜೇಮಿಸನ್ ಬೈಪೋಲಾರ್ ಕಾಯಿಲೆಯನ್ನು ಅಧ್ಯಯನ ಮಾಡುವವರೂ ಹೌದು, ಅದನ್ನು ಹೊತ್ತು ಬದುಕಿದವರೂ ಹೌದು. ಅವರ ‘ಆನ್ ಅನ್‌ಕ್ವೈಟ್ ಮೈಂಡ್’ 1995ರದು. ಕಾನೂನಿನ ಪ್ರಾಧ್ಯಾಪಕಿ ಎಲಿನ್ ಸ್ಯಾಕ್ಸ್ ತಮ್ಮ ಸ್ಕಿಜೋಫ್ರೀನಿಯಾ ಬಗ್ಗೆ ‘ದ ಸೆಂಟರ್ ಕೆನಾಟ್ ಹೋಲ್ಡ್’ (2007) ಬರೆದಿದ್ದಾರೆ. ಮನೆಯಲ್ಲಿ ಒಬ್ಬರಿಗೆ ಈ ಕಾಯಿಲೆಯಿದ್ದರೆ, ಅವರ ಮೇಲಿನ ಸಿಟ್ಟು ಕರಗಿಸಲು ಇಂಥ ಒಂದು ಪುಸ್ತಕ ಮಾಡುವ ಕೆಲಸವನ್ನು ಹತ್ತು ಉಪದೇಶಗಳು ಮಾಡಲಾರವು.

## ಇನ್ನೂ ಆಳಕ್ಕೆ ಹೋಗುವವರಿಗೆ

ಫ್ರಾಯ್ಡ್, ವಿಲಿಯಂ ಜೇಮ್ಸ್ ಇವರನ್ನೆಲ್ಲ ಈಗಲೂ ಓದಬೇಕಾ?

ಜೇಮ್ಸ್ ಅವರನ್ನು ಖಂಡಿತ. ಹನ್ನೆರಡು ವರ್ಷ ಬರೆದು 1890ರಲ್ಲಿ ಹೊರತಂದ ‘ದ ಪ್ರಿನ್ಸಿಪಲ್ಸ್ ಆಫ್ ಸೈಕಾಲಜಿ’ ಎರಡು ಸಂಪುಟಗಳದು. ಅಷ್ಟು ಬೇಡವೆಂದರೆ 1892ರಲ್ಲಿ ಅವರೇ ಮಾಡಿದ ಸಂಕ್ಷಿಪ್ತ ರೂಪವಿದೆ. ಅಭ್ಯಾಸದ ಅಧ್ಯಾಯ, ಗಮನದ ಅಧ್ಯಾಯ ಇಂದಿಗೂ ತಾಜಾ. ಒಳಗೆ ನೋಡಿಕೊಂಡು ಕಂಡದ್ದನ್ನು ಅಷ್ಟು ನಿಖರವಾಗಿ ಬರೆದವರು ಕಡಿಮೆ.

ಫ್ರಾಯ್ಡ್ ಅವರನ್ನು ವಿಚಾರಗಳ ಚರಿತ್ರೆಗಾಗಿ ಓದಿ. ‘ಕನಸುಗಳ ಅರ್ಥವಿವರಣೆ’ 1899ರ ನವೆಂಬರಿನಲ್ಲಿ ಬಂದರೂ ಮುಖಪುಟದ ಮೇಲೆ 1900 ಎಂದು ಹಾಕಿದ್ದರು. ಮೊದಲ 600 ಪ್ರತಿ ಮಾರಾಟವಾಗಲು ಎಂಟು ವರ್ಷ ಹಿಡಿಯಿತು. ಮನಸ್ಸಿನ ಬಹುಪಾಲು ಕೆಲಸ ನಮ್ಮ ಅರಿವಿಗೆ ಬಾರದೆ ನಡೆಯುತ್ತದೆ ಎಂಬುದು ಉಳಿದಿದೆ. ಅಲ್ಲಿ ಏನು ನಡೆಯುತ್ತದೆ ಎಂದು ಅವರು ಹೇಳಿದ್ದರಲ್ಲಿ ಹೆಚ್ಚಿನದಕ್ಕೆ ಸಾಕ್ಷ್ಯ ಸಿಕ್ಕಿಲ್ಲ.

ಪ್ರಜ್ಞೆ ಬಗ್ಗೆ ಒಂದೊಂದು ಪುಸ್ತಕ ಒಂದೊಂದು ಹೇಳುತ್ತೆ. ಯಾರನ್ನ ನಂಬೋದು?

ಯಾರನ್ನೂ ಪೂರ್ತಿಯಾಗಿ ನಂಬುವ ಹಂತಕ್ಕೆ ಈ ವಿಷಯ ಇನ್ನೂ ಬಂದಿಲ್ಲ. 1998ರಲ್ಲಿ ನರವಿಜ್ಞಾನಿ ಕ್ರಿಸ್ಟೊಫ್ ಕಾಕ್ ತತ್ತ್ವಜ್ಞಾನಿ ಡೇವಿಡ್ ಚಾಲ್ಮರ್ಸ್ ಜೊತೆ ಪಂಥ ಕಟ್ಟಿದರು: ಇಪ್ಪತ್ತೈದು ವರ್ಷಗಳಲ್ಲಿ ಪ್ರಜ್ಞೆಗೆ ಕಾರಣವಾಗುವ ಮೆದುಳಿನ ಗುರುತು ಸ್ಪಷ್ಟವಾಗಿ ಸಿಕ್ಕಿರುತ್ತದೆ ಎಂದು. 2023ರಲ್ಲಿ, ಎರಡು ಪ್ರಮುಖ ಸಿದ್ಧಾಂತಗಳನ್ನು ಎದುರುಬದುರು ಪರೀಕ್ಷಿಸಿದ ಫಲಿತಾಂಶ ಬಂದ ಸಂದರ್ಭದಲ್ಲಿ, ಕಾಕ್ ಸೋಲೊಪ್ಪಿ ವೈನ್ ಬಾಟಲಿಗಳನ್ನು ಕೊಟ್ಟರು. ಎರಡೂ ಸಿದ್ಧಾಂತಗಳು ಮುನ್ನುಡಿದಿದ್ದ ಎಲ್ಲವೂ ನಿಜವಾಗಿರಲಿಲ್ಲ.

ಒಂದು ಒಳ್ಳೆಯ ಪ್ರವೇಶ ಬೇಕಿದ್ದರೆ ಅನಿಲ್ ಸೇತ್ ಅವರ ‘ಬೀಯಿಂಗ್ ಯೂ’ (2021). ಮೆದುಳು ಹೊರಗಿನದನ್ನು ಸುಮ್ಮನೆ ಒಳಗೆ ತೆಗೆದುಕೊಳ್ಳುವುದಿಲ್ಲ, ಮೊದಲು ಊಹಿಸಿ ಆಮೇಲೆ ತಿದ್ದಿಕೊಳ್ಳುತ್ತದೆ ಎಂಬ ವಿಚಾರವನ್ನು ಅದು ಬಿಡಿಸಿಡುತ್ತದೆ. ಪ್ರಜ್ಞೆಯ ಒಗಟು ಬಿಡಿಸಿಯಾಯಿತು ಎಂದು ಬೆನ್ನುಪುಟದಲ್ಲೇ ಸಾರುವ ಪುಸ್ತಕದಿಂದ ದೂರವಿರಿ.

ಸ್ವತಂತ್ರ ಇಚ್ಛೆ ಅನ್ನೋದೇ ಇಲ್ಲ ಅಂತ ವಿಜ್ಞಾನ ಸಾಬೀತು ಮಾಡಿದೆಯಂತೆ, ಹೌದಾ?

ಇಲ್ಲ. ಇಲ್ಲವೆಂದು ನಂಬುವ ದೊಡ್ಡ ವಿಜ್ಞಾನಿಗಳಿದ್ದಾರೆ, ಸಾಬೀತಾಗಿದೆ ಎಂಬುದು ಬೇರೆ. ಎಲ್ಲರೂ ಎತ್ತಿಹೇಳುವುದು ಬೆಂಜಮಿನ್ ಲಿಬೆಟ್ ಅವರ 1983ರ ಪ್ರಯೋಗ. ಮನಸ್ಸಾದಾಗ ಮಣಿಕಟ್ಟು ಅಲ್ಲಾಡಿಸಿ, ಮನಸ್ಸಾದ ಕ್ಷಣ ಗಡಿಯಾರದಲ್ಲಿ ಯಾವುದಿತ್ತು ಹೇಳಿ ಎಂದರು. ಚಲನೆಗೆ ಸುಮಾರು 550 ಮಿಲಿಸೆಕೆಂಡ್ ಮೊದಲೇ ಮೆದುಳಿನಲ್ಲಿ ಸಿದ್ಧತೆಯ ಅಲೆ ಏಳುತ್ತಿತ್ತು, ‘ನನಗೆ ಮನಸ್ಸಾಯಿತು’ ಎಂದು ಜನ ಹೇಳಿದ ಕ್ಷಣ ಸುಮಾರು 200 ಮಿಲಿಸೆಕೆಂಡ್ ಮೊದಲು. ಅಂದರೆ ನಾವು ತೀರ್ಮಾನಿಸುವ ಮೊದಲೇ ಮೆದುಳು ತೀರ್ಮಾನಿಸಿತ್ತು ಎಂಬ ವಾದ ಹುಟ್ಟಿತು. 2012ರಲ್ಲಿ ಆರನ್ ಶುರ್ಗರ್ ಮತ್ತು ಸಂಗಡಿಗರು ಬೇರೆ ವಿವರಣೆ ಕೊಟ್ಟರು. ಮೆದುಳಿನ ಚಟುವಟಿಕೆ ಸದಾ ಏರಿಳಿಯುತ್ತಿರುತ್ತದೆ. ಆ ಏರಿಳಿತ ಒಂದು ಗೆರೆ ದಾಟಿದಾಗ ಚಲನೆ ಆಗುತ್ತದೆ. ಚಲನೆಯ ಕ್ಷಣದಿಂದ ಹಿಂದಕ್ಕೆ ಎಣಿಸಿ ಸರಾಸರಿ ತೆಗೆದರೆ ನಿಧಾನವಾಗಿ ಏರುವ ಅಲೆಯೇ ಕಾಣುತ್ತದೆ, ಅದು ಮೊದಲೇ ಆದ ತೀರ್ಮಾನವಾಗಿರಬೇಕಿಲ್ಲ.

2023ರಲ್ಲಿ ಎರಡು ಪುಸ್ತಕಗಳು ಬೆನ್ನುಬೆನ್ನಿಗೆ ಬಂದವು. ಸಾಪೋಲ್ಸ್ಕಿಯವರ ‘ಡಿಟರ್ಮಿನ್ಡ್’ ಸ್ವಾತಂತ್ರ್ಯ ಇಲ್ಲ ಎನ್ನುತ್ತದೆ, ಕೆವಿನ್ ಮಿಚೆಲ್ ಅವರ ‘ಫ್ರೀ ಏಜೆಂಟ್ಸ್’ ಜೀವವಿಕಾಸವೇ ಆಯ್ಕೆ ಮಾಡುವ ಶಕ್ತಿಯನ್ನು ಕಟ್ಟಿತು ಎನ್ನುತ್ತದೆ. ಎರಡನ್ನೂ ಒಟ್ಟಿಗೆ ಓದಿ, ಒಂದನ್ನೇ ಓದಬೇಡಿ. ಇಬ್ಬರೂ ಹೆಚ್ಚುಕಡಿಮೆ ಅದೇ ಸಾಕ್ಷ್ಯ ಬಳಸಿಕೊಂಡು ವಿರುದ್ಧ ದಿಕ್ಕಿಗೆ ಹೋಗುವುದನ್ನು ನೋಡಿದಾಗ ವಾದದಲ್ಲಿ ಪ್ರಯೋಗ ಎಲ್ಲಿ ಮುಗಿದು ತತ್ತ್ವ ಎಲ್ಲಿ ಶುರುವಾಗುತ್ತದೆ ಎಂಬುದು ನಿಮಗೇ ಕಾಣುತ್ತದೆ.

ಎಷ್ಟೋ ಓದಿದ್ದೀನಿ, ಆದ್ರೆ ಕೇಳಿದ್ರೆ ಏನೂ ನೆನಪಿಲ್ಲ. ಇದಕ್ಕೆ ಈ ಪುಸ್ತಕಗಳಲ್ಲೇ ಉತ್ತರ ಇರಬೇಕಲ್ಲ?

ಇದೆ. ಹೆನ್ರಿ ರೋಡಿಗರ್ ಮತ್ತು ಜೆಫ್ರಿ ಕಾರ್ಪಿಕಿ 2006ರಲ್ಲಿ ವಿದ್ಯಾರ್ಥಿಗಳ ಒಂದು ಗುಂಪಿಗೆ ಪಾಠವನ್ನು ಮತ್ತೆ ಮತ್ತೆ ಓದಿಸಿದರು, ಇನ್ನೊಂದಕ್ಕೆ ಓದಿಸಿ ಪುಸ್ತಕ ಮುಚ್ಚಿ ನೆನಪಾದದ್ದನ್ನು ಬರೆಸಿದರು. ಐದು ನಿಮಿಷದ ಮೇಲೆ ಕೇಳಿದಾಗ ಮತ್ತೆ ಓದಿದವರೇ ಮುಂದಿದ್ದರು. ಒಂದು ವಾರ ಕಳೆದಾಗ ಬರೆದವರು ಮುಂದಿದ್ದರು. ಅಧ್ಯಾಯ ಮುಗಿದ ಕೂಡಲೇ ಪುಸ್ತಕ ಮುಚ್ಚಿ, ಅದರ ವಾದವನ್ನೂ ಆಧಾರವನ್ನೂ ನಾಲ್ಕು ಸಾಲಿನಲ್ಲಿ ಬರೆದಿಡಿ.

ಜನಪ್ರಿಯ ಪುಸ್ತಕಗಳು ಸಾಕೆನ್ನಿಸಿವೆ. ಪಠ್ಯಪುಸ್ತಕಕ್ಕೆ, ಸಂಶೋಧನಾ ಲೇಖನಕ್ಕೆ ಹೋಗೋದು ಹೇಗೆ?

ಮೊದಲು ಎರಿಕ್ ಕ್ಯಾಂಡೆಲ್ ಅವರ ‘ಇನ್ ಸರ್ಚ್ ಆಫ್ ಮೆಮೊರಿ’ (2006) ಓದಿ. ವಿಯೆನ್ನಾದಿಂದ ಬಾಲ್ಯದಲ್ಲೇ ತಪ್ಪಿಸಿಕೊಂಡು ಬಂದವರ ಆತ್ಮಕಥೆಯೂ ಅದು, ನೆನಪಿನ ನರವಿಜ್ಞಾನದ ಪಾಠವೂ ಅದು. ಸುಮಾರು 20,000 ನರಕೋಶಗಳಷ್ಟೇ ಇರುವ ಅಪ್ಲೀಸಿಯಾ ಎಂಬ ಕಡಲ ಬಸವನಹುಳುವನ್ನು ಆರಿಸಿಕೊಂಡದ್ದು ಏಕೆ, ನೆನಪು ನಿಂತಾಗ ನರಕೋಶಗಳ ನಡುವಿನ ಕೊಂಡಿಯಲ್ಲಿ ಏನು ಬದಲಾಗುತ್ತದೆ ಎಂದು ಅವರು ಹೆಜ್ಜೆಹೆಜ್ಜೆಯಾಗಿ ಹೇಳುತ್ತಾರೆ. ಈ ಕೆಲಸಕ್ಕೆ 2000ದಲ್ಲಿ ನೊಬೆಲ್ ಬಂತು. ಅವರೇ ಇತರರ ಜೊತೆ ಸೇರಿ ಸಂಪಾದಿಸಿದ ‘ಪ್ರಿನ್ಸಿಪಲ್ಸ್ ಆಫ್ ನ್ಯೂರಲ್ ಸೈನ್ಸ್’ ಮೊದಲು ಬಂದದ್ದು 1981ರಲ್ಲಿ. ಈಗದು 1,500ಕ್ಕೂ ಹೆಚ್ಚು ಪುಟಗಳ ಗ್ರಂಥ. ಮೊದಲಿನಿಂದ ಕೊನೆಯವರೆಗೆ ಓದಲು ಹೋಗಬೇಡಿ. ನಿಮ್ಮನ್ನು ಕಾಡಿದ ಒಂದು ವಿಷಯ, ನಿದ್ದೆಯೋ ನೋವೋ, ಆರಿಸಿಕೊಂಡು ಆ ಅಧ್ಯಾಯವನ್ನು ಮಾತ್ರ ಓದಿ.

ಸಂಶೋಧನಾ ಲೇಖನಕ್ಕೆ ಹೋಗುವ ಸುಲಭ ದಾರಿ ನಿಮ್ಮ ಕೈಯಲ್ಲಿರುವ ಪುಸ್ತಕದ ಹಿಂದೆಯೇ ಇದೆ. ನಿಮ್ಮನ್ನು ತುಂಬ ಬೆರಗುಗೊಳಿಸಿದ ಒಂದು ಮಾತನ್ನು ಆರಿಸಿ, ಅದರ ಟಿಪ್ಪಣಿ ಯಾವ ಲೇಖನವನ್ನು ತೋರಿಸುತ್ತದೆ ನೋಡಿ, ಅದನ್ನು ಹುಡುಕಿ ತೆಗೆಯಿರಿ. ಪೀಠಿಕೆ ಬಿಟ್ಟು ವಿಧಾನದ ಭಾಗಕ್ಕೆ ನೇರ ಹೋಗಿ ಮೂರು ಸಂಗತಿ ಹುಡುಕಿ: ಎಷ್ಟು ಜನರ ಮೇಲೆ ನಡೆಯಿತು, ಅವರು ಯಾರು, ಅವರಿಂದ ನಿಜವಾಗಿ ಮಾಡಿಸಿದ್ದೇನು. ‘ಔದಾರ್ಯ’ ಎಂದು ಪುಸ್ತಕ ಕರೆದದ್ದು ಅಲ್ಲಿ ಕಂಪ್ಯೂಟರ್ ಪರದೆಯ ಮೇಲೆ ಅಪರಿಚಿತರಿಗೆ ಕೆಲವು ಅಂಕ ಬಿಟ್ಟುಕೊಟ್ಟದ್ದಾಗಿರಬಹುದು. ಆಮೇಲೆ ಅದೇ ಪ್ರಯೋಗವನ್ನು ಬೇರೆಯವರು ಮತ್ತೆ ಮಾಡಿದ್ದಾರೆಯೇ, ಅಂಥ ಹಲವು ಅಧ್ಯಯನಗಳನ್ನು ಒಟ್ಟುಹಾಕಿದ ಸಮೀಕ್ಷೆ ಇದೆಯೇ ಎಂದು ನೋಡಿ. ಅಂಕಿಸಂಖ್ಯೆಯ ಭಾಗ ಮೊದಲ ಸಲ ತಿಳಿಯದಿದ್ದರೂ ಈ ಮೂರು ಸಂಗತಿಗಳು ಯಾರಿಗಾದರೂ ತಿಳಿಯುತ್ತವೆ.